ಆದೇಶ ಬಂದರೂ ನಿವೃತ್ತಿಯ ಹಣ ಬಾರದಿದ್ದರೆ

27 ವರ್ಷ ಟಪಾಲು ಶಾಖೆಯಲ್ಲಿ ಕುಳಿತು ಊರವರ ಅರ್ಜಿಗಳಿಗೆಲ್ಲ ಮೊಹರು ಹಾಕಿದವಳು ನಾನು. ನಿವೃತ್ತಿಯಾದ ಮೇಲೆ ನನ್ನದೇ ಗ್ರಾಚ್ಯುಟಿ, ಗಳಿಕೆ ರಜೆಯ ನಗದು ಎರಡನ್ನೂ ಕಚೇರಿ ಹಿಡಿದಿಟ್ಟುಕೊಂಡಿತು. ಧಾರವಾಡದ ಹೈಕೋರ್ಟ್ ಪೀಠದಲ್ಲಿ ರಿಟ್, ಅಂದರೆ ಕಚೇರಿಯ ವಿರುದ್ಧ ನೇರವಾಗಿ ಹೈಕೋರ್ಟಿಗೇ ಅರ್ಜಿ, ಹಾಕಿ ಗೆದ್ದೆ. ಆದೇಶ ಬಂತು, ಹಣ ಬರಲಿಲ್ಲ. ಆಮೇಲಿನ ದಾರಿ ನ್ಯಾಯಾಂಗ ನಿಂದನೆ ಅರ್ಜಿ, ಅಂದರೆ ಆದೇಶ ಪಾಲಿಸದ ಅಧಿಕಾರಿಯ ಮೇಲೆ ಕ್ರಮ ಕೈಗೊಳ್ಳಿ ಎಂದು ನ್ಯಾಯಾಲಯವನ್ನು ಕೇಳುವುದು.

ಅದಕ್ಕೆ ಮುಂಚೆ ಆದೇಶದ ಕೊನೆಯ ಪುಟವನ್ನು ವಕೀಲರ ಎದುರು ಕುಳಿತು ಸಾಲು ಸಾಲಾಗಿ ಅರ್ಥ ಮಾಡಿಸಿಕೊಳ್ಳಿ. ‘ಪಾವತಿಸಬೇಕು’ ಎಂದಿದೆಯೋ, ‘ಮನವಿಯನ್ನು ಪರಿಗಣಿಸಬೇಕು’ ಎಂದಿದೆಯೋ? ಎರಡಕ್ಕೂ ಅಜಗಜಾಂತರ. ಪರಿಗಣಿಸಲು ಮಾತ್ರ ಹೇಳಿದ್ದರೆ, ಕಚೇರಿ ಮನವಿಯನ್ನು ನೋಡಿ ತಿರಸ್ಕರಿಸಿದರೂ ಆದೇಶ ಪಾಲಿಸಿದಂತೆಯೇ. ನೀವು ಮತ್ತೆ ಹೊಸ ರಿಟ್ ಹಾಕಬೇಕಾಗುತ್ತದೆ. ಆದೇಶದಲ್ಲಿಲ್ಲದ ಬಡ್ಡಿಯನ್ನು ನಿಂದನೆ ಅರ್ಜಿಯಲ್ಲಿ ಕೇಳಿದರೂ ಸಿಗದು.

ಇನ್ನು ತಲುಪಿಸುವ ಕೆಲಸ. ಹಣ ಕೊಡಲು ನ್ಯಾಯಾಲಯ ಹಾಕಿದ ಗಡುವು ಎಷ್ಟೋ ಸಲ ಆದೇಶದ ಪ್ರತಿ ಕಚೇರಿಗೆ ಸೇರಿದ ದಿನದಿಂದ ಶುರುವಾಗುತ್ತದೆ. ಪ್ರಮಾಣೀಕೃತ ನಕಲಿನ ಜೊತೆ ಒಂದು ಪುಟದ ಪತ್ರ ಬರೆದು ಖುದ್ದಾಗಿ ಕೊಡಿ, ನಿಮ್ಮ ಪ್ರತಿಯ ಮೇಲೆ ಸ್ವೀಕೃತಿ ಪಡೆಯಿರಿ. ನನಗೆ ಹಾಕಿಕೊಟ್ಟ ಮೊಹರಿನಲ್ಲಿ ದುಂಡನೆಯ ಅಂಚು ಮಾತ್ರ ಮೂಡಿತ್ತು, ನಡುವಿನ ತಾರೀಖು ಮಸಿ ಒಣಗಿ ಮಾಯವಾಗಿತ್ತು. ಆ ಹುಡುಗನ ಕೈಯಲ್ಲಿ ಪ್ಯಾಡಿಗೆ ಎರಡು ತೊಟ್ಟು ಮಸಿ ಬಿಡಿಸಿ ಇನ್ನೊಮ್ಮೆ ಒತ್ತಿಸಿದೆ, ಪಕ್ಕದಲ್ಲಿ ಪೆನ್ನಿನಿಂದಲೂ ದಿನಾಂಕ ಬರೆಸಿದೆ. ಅವನು ಮುಖ ಸಿಂಡರಿಸಿದ. ಇರಲಿ, ನಾನೂ ಆ ಕುರ್ಚಿಯಲ್ಲಿ ಹಾಗೇ ಸಿಂಡರಿಸಿದವಳೇ.

ಗಡುವು ಮುಗಿದ ದಿನವನ್ನು ಕ್ಯಾಲೆಂಡರಿನಲ್ಲಿ ಗುರುತು ಮಾಡಿ. 1971ರ ನ್ಯಾಯಾಂಗ ನಿಂದನೆ ಕಾಯ್ದೆಯ 20ನೇ ಕಲಮಿನಂತೆ ಒಂದು ವರ್ಷದೊಳಗೆ ಅರ್ಜಿ ಹಾಕಬೇಕು. ‘ಕಡತ ಮೇಲೆ ಹೋಗಿದೆ, ಇನ್ನೊಂದು ವಾರ’ ಎಂಬ ಮಾತಿಗೆ ಮರುಳಾಗಿ ನೆನಪೋಲೆ ಬರೆಯುತ್ತಾ ಕುಳಿತರೆ ಅವಧಿ ಬೆಳೆಯುವುದಿಲ್ಲ. ‘ಮೇಲ್ಮನವಿ ಹಾಕಿದ್ದೇವೆ’ ಎಂದರೆ ತಡೆಯಾಜ್ಞೆಯ ಪ್ರತಿ ಕೇಳಿ. ತಡೆಯಿಲ್ಲದ ಮೇಲ್ಮನವಿ ಪಾವತಿಯನ್ನು ನಿಲ್ಲಿಸದು.

ಉದ್ದೇಶಪೂರ್ವಕ ಅವಿಧೇಯತೆಯನ್ನು ಒಬ್ಬ ವ್ಯಕ್ತಿಯ ಮೇಲೆ ತೋರಿಸಬೇಕಾದ್ದರಿಂದ, ಹುದ್ದೆಯ ಜೊತೆ ಅಧಿಕಾರಿಯ ಹೆಸರೂ ಅರ್ಜಿಯಲ್ಲಿರಲಿ. ನಡುವೆ ವರ್ಗಾವಣೆಯಾದರೆ ಹೊಸಬರಿಗೂ ಆದೇಶದ ಪ್ರತಿ ತಲುಪಿಸಿ. ನನ್ನ ಪ್ರಕರಣದಲ್ಲಿ ಹೀಗೆ ಎರಡು ಸಲ ಹೋಗಿ ಬಂದೆ.

ಶಿಕ್ಷೆ ಗರಿಷ್ಠ ಆರು ತಿಂಗಳ ಸಾದಾ ಸಜೆ, 2,000 ರೂಪಾಯಿವರೆಗೆ ದಂಡ, ಇಲ್ಲವೇ ಎರಡೂ. ಆದರೆ ಸಾಹೇಬರು ಜೈಲಿಗೆ ಹೋಗುತ್ತಾರೆಂದು ಕಾಯಬೇಡಿ. ಹಣ ಕಟ್ಟಿ ಕ್ಷಮೆ ಕೇಳಿದರೆ ಪ್ರಕರಣ ಸಾಮಾನ್ಯವಾಗಿ ಅಲ್ಲಿಗೇ ಮುಗಿಯುತ್ತದೆ. ನೋಟಿಸ್ ಸೇರಿದ ಮೂರನೇ ವಾರ ನನ್ನ ಖಾತೆಗೂ ಹಣ ಬಿತ್ತು. ಆದೇಶ ಪಾಲಿಸಿದ್ದೇವೆ ಎಂದು ಕಚೇರಿ ಸಲ್ಲಿಸುವ ಪಾಲನಾ ವರದಿಗೆ ನನ್ನ ವಕೀಲರು ಒಪ್ಪುವ ಮೊದಲು ನಾನೇ ಪಾಸ್‌ಬುಕ್ ಹಿಡಿದು ಲೆಕ್ಕ ಹಾಕಿದೆ: ಆದೇಶದಲ್ಲಿದ್ದ ಬಡ್ಡಿಯಲ್ಲಿ 41 ದಿನ ಕಡಿಮೆಯಿತ್ತು. ನ್ಯಾಯಾಲಯಕ್ಕೆ ತಿಳಿಸಿದೆವು. ಮುಂದಿನ ಮುದ್ದತಿಗೆ ಅದೂ ಬಂತು.