ಅವಧಿಪೂರ್ವ ವರ್ಗಾವಣೆ ಕೆಎಟಿಯಲ್ಲಿ ರದ್ದಾಯಿತು: ನನ್ನ ಅನುಭವ

"ಕೆಎಟಿಗೆ ಹೋಗಿ ದುಡ್ಡು ಕಳ್ಕೋಬೇಡಪ್ಪ, ಪಾವಗಡವೇನು ಪರದೇಶವಾ?" ಎಂದಿದ್ದ ನೌಕರರ ಸಂಘದ ಹಿರಿಯರೇ ಈಗ ಬೇರೆಯವರಿಗೆ ನನ್ನ ನಂಬರ್ ಕೊಡುತ್ತಿದ್ದಾರೆ. ಕೆಎಟಿ ಅಂದರೆ ಸರ್ಕಾರಿ ನೌಕರರ ಸೇವಾ ವಿವಾದ ನೋಡುವ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿ.

ನಾನು ಎಫ್‌ಡಿಎ (ಪ್ರಥಮ ದರ್ಜೆ ಸಹಾಯಕ), ಅಂದರೆ ಗ್ರೂಪ್ ಸಿ. 2013ರ ಜೂನ್ 7ರ ವರ್ಗಾವಣೆ ಮಾರ್ಗಸೂಚಿ ಆದೇಶದಲ್ಲಿ ಗ್ರೂಪ್ ಸಿ ನೌಕರರಿಗೆ ಒಂದು ಜಾಗದಲ್ಲಿ ಕನಿಷ್ಠ ನಾಲ್ಕು ವರ್ಷ ಎಂದಿತ್ತು. ತುಮಕೂರಿನಲ್ಲಿ ನನಗೆ ಒಂದೂವರೆ ವರ್ಷ ಆಗಿತ್ತೇನೋ, ಆ ವರ್ಷದ ಸಾರ್ವತ್ರಿಕ ವರ್ಗಾವಣೆ ಮುಗಿದು ಎಷ್ಟೋ ತಿಂಗಳ ಮೇಲೆ ಪಾವಗಡಕ್ಕೆ ವರ್ಗಾವಣೆ ಆದೇಶ ಬಂತು. ನನ್ನ ಕುರ್ಚಿಗೆ ಬರುವವರ ಹೆಸರೂ ಅದರಲ್ಲೇ ಇತ್ತು.

ಮೊದಲ ವಕೀಲರು ಇಪ್ಪತ್ತೈದು ಸಾವಿರ ತೆಗೆದುಕೊಂಡು ಅಮ್ಮನ ಡಯಾಲಿಸಿಸ್, ಮಗಳ ಎಸ್ಸೆಸ್ಸೆಲ್ಸಿ ಎಲ್ಲ ತುಂಬಿಸಿ ಅರ್ಜಿ ಹಾಕಿದರು. ವರ್ಗಾವಣೆಗೆ ತಡೆ ಸಿಗಲಿಲ್ಲ. ಮನವಿ ಪರಿಗಣಿಸಿ ಎಂದು ಇಲಾಖೆಗೆ ಹೇಳಿ ಅರ್ಜಿ ವಿಲೇವಾರಿ ಆಯಿತು. ಇಲಾಖೆ ಎರಡು ಸಾಲಿನ ಹಿಂಬರಹ ಕೊಟ್ಟಿತು, "ಆಡಳಿತಾತ್ಮಕ ಕಾರಣಗಳಿಂದ ಅವಕಾಶವಿರುವುದಿಲ್ಲ" ಅಂತ. ಕಷ್ಟಸುಖ ಹೇಳಿಕೊಂಡರೆ ಕೆಎಟಿ ಇರುವ ಕಂದಾಯ ಭವನದಲ್ಲಿ ಯಾರೂ ಕರಗುವುದಿಲ್ಲ. ಸರ್ಕಾರಿ ವಕೀಲರು ಸುಪ್ರೀಂ ಕೋರ್ಟಿನ 1993ರ ಎಸ್.ಎಲ್. ಅಬ್ಬಾಸ್ ತೀರ್ಪು ಹಿಡಿದೇ ನಿಂತಿರುತ್ತಾರೆ: ಯಾರನ್ನು ಎಲ್ಲಿ ಹಾಕಬೇಕೆನ್ನುವುದು ಅಧಿಕಾರಿಗೆ ಬಿಟ್ಟದ್ದು, ದುರುದ್ದೇಶ ಅಥವಾ ಕಾನೂನು ಉಲ್ಲಂಘನೆ ಇದ್ದರೆ ಮಾತ್ರ ಕೋರ್ಟಿನ ಮಾತು.

ಹಾಗಾಗಿ ಎರಡನೇ ಸಲ ಫೈಲಿಗೇ ಕೈ ಹಾಕಿದೆ. ಆರ್‌ಟಿಐನಲ್ಲಿ ನನ್ನ ವರ್ಗಾವಣೆ ಫೈಲಿನ ಟಿಪ್ಪಣಿ ಹಾಳೆ ತೆಗೆಸಿದೆ. ಮೂವತ್ತು ದಿನ ಕಾಯದೆ ಅದು ಕೈಗೆ ಬಂದಿದ್ದು ಹೇಗೆ ಅಂತ ಮಾತ್ರ ಇಲ್ಲಿ ಬರೆಯಲ್ಲ. ಹಾಳೆಯಲ್ಲಿದ್ದದ್ದು ಶಾಸಕರ ಪತ್ರದ ಉಲ್ಲೇಖ, ಅದರ ಕೆಳಗೆ ಹಸಿರು ಇಂಕಿನಲ್ಲಿ "ಪ್ರಸ್ತಾಪಿಸಿದಂತೆ", ಅಷ್ಟೇ. ಕಾರಣವಿಲ್ಲ, ಇಂಥ ವರ್ಗಾವಣೆಗೆ ಬೇಕಾದ ಮುಖ್ಯಮಂತ್ರಿಗಳ ಪೂರ್ವಾನುಮೋದನೆಯೂ ಇಲ್ಲ.

ಹೊಸ ವಕೀಲರಿಗೆ ಹದಿನೈದು ಸಾವಿರ. ಅಮ್ಮನ ವಿಷಯ ಪೂರ್ತಿ ಬಿಡಿಸಿ ಈ ಎರಡೇ ಆಧಾರ ಇಡಿ ಎಂದಿದ್ದು ನಾನೇ. ಅವರಿಗೆ ಅಷ್ಟು ಇಷ್ಟವಿರಲಿಲ್ಲ. ನೀವೂ ಒಬ್ಬ ಶಾಸಕರ ಪತ್ರ ತನ್ನಿ ಎಂದು ಕೆಲವರು ಹೇಳಿದರು. ತಂದಿದ್ದರೆ ಅವರ ಫೈಲಿನ ಪತ್ರದ ಬಗ್ಗೆ ನಾನು ಬಾಯಿ ಬಿಡೋಕಾಗುತ್ತಿತ್ತಾ?

ಅಷ್ಟರಲ್ಲಿ ರಿಲೀವ್ ಮಾಡಿಬಿಟ್ಟಿದ್ದರು. ಗೈರುಹಾಜರಿ ಎನ್ನಿಸಿಕೊಳ್ಳಬಾರದಲ್ವಾ, "ಪ್ರಕರಣದ ತೀರ್ಪಿಗೊಳಪಟ್ಟು" ಎಂದು ಬರೆದುಕೊಟ್ಟೇ ಪಾವಗಡದಲ್ಲಿ ಹಾಜರಾದೆ. ಕೊರಟಗೆರೆ, ಮಧುಗಿರಿ ದಾಟಿಕೊಂಡು ದಿನಾ ಬಸ್ಸು. ಎಲ್‌ಪಿಸಿ (ಕೊನೆಯ ವೇತನ ಪ್ರಮಾಣಪತ್ರ) ಬರಲಿಲ್ಲ, ಸಂಬಳದ ತಂತ್ರಾಂಶ ಎಚ್‌ಆರ್‌ಎಂಎಸ್‌ನಲ್ಲಿ ಹೆಸರು ಇತ್ತ ಬರಲಿಲ್ಲ, ಮೂರು ನಾಲ್ಕು ತಿಂಗಳು ಸಂಬಳವೇ ಇಲ್ಲ. ವಕೀಲರ ಫೀಸಿಗಿಂತ ಜಾಸ್ತಿ ಹೊಡೆತ ಕೊಟ್ಟಿದ್ದು ಇದು. ಹೆಂಡತಿಯ ಸರ ಅಡವಿಟ್ಟೆವು. ನಡುವೆ ಪಾವಗಡ ಕಡೆಯ ಒಬ್ಬರ ಜೊತೆ ಪರಸ್ಪರ ವರ್ಗಾವಣೆಗೂ ಅರ್ಜಿ ಕೊಟ್ಟು ನೋಡಿದೆ, ಅದು ಮೇಜಿನಿಂದ ಏಳಲೇ ಇಲ್ಲ.

ಎಂಟು ತಿಂಗಳ ಹತ್ತಿರ ಹತ್ತಿರ ಆದೇಶ ರದ್ದಾಯಿತು. ಒಟ್ಟು ಅರವತ್ತು ಸಾವಿರದ ಮೇಲೇ ಹೋಯಿತು. ಕೆಎಟಿಗೆ ಹೋಗುವವರು ವರ್ಗಾವಣೆ ಆದೇಶ ಕೈಗೆ ಬಂದ ವಾರದಲ್ಲೇ ಹೋಗಿ; ಬದಲಿ ವ್ಯಕ್ತಿ ಚಾರ್ಜ್ ತೆಗೆದುಕೊಂಡ ಮೇಲೆ ತಡೆ ಸಿಗುವುದು ಕಷ್ಟ. ಬದಲಿಗೆ ಬಂದವರನ್ನೂ ಪ್ರತಿವಾದಿ ಮಾಡಿ. ಬಾಕಿ ಸಂಬಳದ ಬಿಲ್ಲು ಖಜಾನೆಯಲ್ಲಿ ಆಕ್ಷೇಪಣೆಯಾಗಿ ಎರಡು ಸಲ ವಾಪಸ್ ಬಂದಿದೆ, ಅದಕ್ಕೂ ಒಂದು ದಾರಿ ಹುಡುಕುತ್ತಿದ್ದೇನೆ.