ಪೆರೋಲ್ ಅರ್ಜಿ ತಿರಸ್ಕಾರವಾಯಿತೇ? ಹೈಕೋರ್ಟಿನಲ್ಲಿ ಪ್ರಶ್ನಿಸುವುದು ಹೀಗೆ

ಪೆರೋಲ್ ಅರ್ಜಿಗೆ ಜೈಲಿನಿಂದ ಬರುವ ಹಿಂಬರಹದಲ್ಲಿ, ಅಂದರೆ ಲಿಖಿತ ಉತ್ತರದಲ್ಲಿ, ಎಷ್ಟೋ ಸಲ ಇರುವುದು ಒಂದೇ ಸಾಲು: ‘ಪೊಲೀಸ್ ವರದಿ ಪ್ರತಿಕೂಲವಾಗಿರುವುದರಿಂದ ಸದರಿ ಕೋರಿಕೆಯನ್ನು ಪರಿಗಣಿಸಲು ಅವಕಾಶವಿರುವುದಿಲ್ಲ.’ ಇದನ್ನು ಓದಿ ಮನೆಯವರು ಕೈಚೆಲ್ಲುತ್ತಾರೆ. ಆದರೆ ಹೈಕೋರ್ಟಿನಲ್ಲಿ ವಾದ ನಿಲ್ಲುವುದೇ ಈ ಸಾಲಿನ ಮೇಲೆ.

ಪೆರೋಲ್, ಅಂದರೆ ಷರತ್ತಿನ ಮೇಲೆ ಕೆಲವು ದಿನಗಳ ತಾತ್ಕಾಲಿಕ ಬಿಡುಗಡೆ, ಇರುವುದು ಶಿಕ್ಷೆಗೆ ಒಳಗಾದವರಿಗೆ. ವಿಚಾರಣಾಧೀನ ಕೈದಿಗೆ ಬೇಕಾದದ್ದು ಮಧ್ಯಂತರ ಜಾಮೀನು; ಅದರ ದಾರಿಯೇ ಬೇರೆ.

ಮೊದಲ ಕೆಲಸ, ತಿರಸ್ಕಾರವನ್ನು ಬರಹದಲ್ಲಿ ಪಡೆಯುವುದು. ‘ಆಗಲ್ಲ’ ಎಂದು ಬಾಯಲ್ಲಿ ಹೇಳಿ ಕಳಿಸಿದರೆ ರದ್ದು ಮಾಡಿಸಲು ಆದೇಶವೇ ಇರುವುದಿಲ್ಲ. ಆದ್ದರಿಂದ ಪೆರೋಲ್ ಅರ್ಜಿಯನ್ನು ಸ್ವೀಕೃತಿ ಪಡೆದೇ ಕೊಡಿ. ಉತ್ತರವೇ ಬಾರದಿದ್ದರೆ, ಇಂತಿಷ್ಟು ದಿನದೊಳಗೆ ತೀರ್ಮಾನಿಸಿ ಎಂಬ ನಿರ್ದೇಶನ ಕೋರಲು ಆ ಸ್ವೀಕೃತಿಯೇ ಆಧಾರ. ಪೊಲೀಸ್ ವರದಿಯ ಪ್ರತಿಯನ್ನೂ ಕೇಳಿ. ಕೊಡದಿದ್ದರೆ ಕಡತ ತರಿಸಿಕೊಳ್ಳುವಂತೆ ರಿಟ್ ಅರ್ಜಿಯಲ್ಲೇ (ಅಧಿಕಾರಿಯ ಆದೇಶವನ್ನು ಹೈಕೋರ್ಟಿನಲ್ಲಿ ಪ್ರಶ್ನಿಸುವ ಅರ್ಜಿ) ಕೋರಬಹುದು.

ರಿಟ್ ಸಲ್ಲಿಸುವುದು ಸಂವಿಧಾನದ 226ನೇ ವಿಧಿಯಡಿ. ಜಿಲ್ಲೆ ಯಾವ ಪೀಠದ ವ್ಯಾಪ್ತಿಗೆ ಬರುತ್ತದೆ ಎಂಬುದನ್ನು ನೋಡಿಕೊಂಡು ಬೆಂಗಳೂರು, ಧಾರವಾಡ ಅಥವಾ ಕಲಬುರಗಿಯಲ್ಲಿ ಹಾಕಬೇಕು. ಕೈದಿಯ ಪರವಾಗಿ ಹೆಂಡತಿ, ತಾಯಿ ಅಥವಾ ತಂದೆ ಅರ್ಜಿದಾರರಾಗುವುದು ರೂಢಿ. ಗೃಹ ಇಲಾಖೆ, ಜೈಲಿನ ಅಧೀಕ್ಷಕರು ಮತ್ತು ವರದಿ ಕೊಟ್ಟ ಪೊಲೀಸ್ ಅಧಿಕಾರಿ ಪ್ರತಿವಾದಿಗಳು. ಕೋರಿಕೆ ಎರಡು ಇರಲಿ: ಹಿಂಬರಹದ ರದ್ದತಿ ಮತ್ತು ಬಿಡುಗಡೆಗೆ, ಇಲ್ಲವೇ ಮರುಪರಿಶೀಲನೆಗೆ ನಿರ್ದೇಶನ. ಹೇಬಿಯಸ್ ಕಾರ್ಪಸ್ (ಅಕ್ರಮ ಬಂಧನದಿಂದ ಬಿಡಿಸಲು ಕೋರುವ ಅರ್ಜಿ) ಹಾಕಬೇಡಿ. ಶಿಕ್ಷೆಯ ಮೇಲೆ ಜೈಲಿನಲ್ಲಿರುವವರ ಬಂಧನ ಕಾನೂನುಬದ್ಧವೇ ಆದ್ದರಿಂದ ಅದು ನಿಲ್ಲುವುದಿಲ್ಲ.

ನಿಜವಾದ ಕೆಲಸ ಕಾರಣಗಳ ಭಾಗದಲ್ಲಿದೆ. ‘ಕುಟುಂಬ ಕಷ್ಟದಲ್ಲಿದೆ, ಪೆರೋಲ್ ಕೊಡಿ’ ಎಂದಷ್ಟೇ ಬರೆದ ಅರ್ಜಿ ಸೊರಗುತ್ತದೆ. ಪೆರೋಲ್ ಕೊಡುವುದು ಕಾರ್ಯಾಂಗದ ಕೆಲಸ; ಅಧಿಕಾರಿ ಅದನ್ನು ಸರಿಯಾಗಿ ಮಾಡಿದರೇ ಎಂಬುದಷ್ಟನ್ನೇ ಕೋರ್ಟ್ ನೋಡುತ್ತದೆ. ‘ಶಾಂತಿಭಂಗವಾಗಬಹುದು’ ಎಂಬ ವರದಿ ಯಾವುದನ್ನು ಆಧರಿಸಿದೆ? ಯಾರ ಹೇಳಿಕೆ ಪಡೆದರು? ಹಿಂದೆ ಪೆರೋಲ್ ಮೇಲೆ ಬಂದಾಗ ಏನಾದರೂ ಗಲಾಟೆ ಆಗಿತ್ತೇ? ವರದಿಯನ್ನು ತೂಗಿ ನೋಡದೆ ಅಧೀಕ್ಷಕರು ನಕಲು ಮಾಡಿದ್ದರೆ ಅದನ್ನೇ ಎತ್ತಿ ತೋರಿಸಿ. ಅಪರಾಧದ ಸ್ವರೂಪವೊಂದನ್ನೇ ಹಿಡಿದು ಪೆರೋಲ್ ಸಾರಾಸಗಟಾಗಿ ನಿರಾಕರಿಸುವಂತಿಲ್ಲ ಎಂದು ಸುಪ್ರೀಂ ಕೋರ್ಟ್ 2017ರ ಅಸ್ಫಾಕ್ ಪ್ರಕರಣದಲ್ಲಿ ಹೇಳಿದೆ. ಇನ್ನೊಂದು ಗಟ್ಟಿ ಆಸರೆ ಮೊಹಿಂದರ್ ಸಿಂಗ್ ಗಿಲ್ ತೀರ್ಪು: ಆದೇಶದಲ್ಲಿಲ್ಲದ ಕಾರಣವನ್ನು ಆಮೇಲೆ ಕೋರ್ಟಿಗೆ ಕೊಡುವ ಪ್ರಮಾಣಪತ್ರದ (ಅಫಿಡವಿಟ್) ಮೂಲಕ ಸೇರಿಸುವಂತಿಲ್ಲ. ಸರ್ಕಾರಿ ವಕೀಲರು ಆಕ್ಷೇಪಣೆಯಲ್ಲಿ ಹೊಸ ಕಾರಣ ತಂದಾಗ ಇದು ನೆರವಿಗೆ ಬರುತ್ತದೆ.

ಹಿಂದೊಮ್ಮೆ ತಡವಾಗಿ ಮರಳಿದ್ದರೆ ಮುಚ್ಚಿಡಬೇಡಿ. ಕಡತದಲ್ಲಿ ಅದು ಹೇಗೂ ಇರುತ್ತದೆ. ಸತ್ಯ ಮರೆಮಾಚಿದರೆಂಬ ಒಂದೇ ಕಾರಣಕ್ಕೆ ಅರ್ಜಿ ವಜಾ ಆಗಬಹುದು. ಆಸ್ಪತ್ರೆ ದಾಖಲೆಯೋ ಲಗ್ನಪತ್ರಿಕೆಯೋ ಜೊತೆಗಿರಲಿ, ಕನ್ನಡದ ಕಾಗದಗಳಿಗೆ ಇಂಗ್ಲಿಷ್ ಅನುವಾದವನ್ನೂ ಲಗತ್ತಿಸಿ.

ವಕೀಲರ ಶುಲ್ಕಕ್ಕೆ ಹಣವಿಲ್ಲವೆಂದು ಸುಮ್ಮನಾಗುವವರೇ ಹೆಚ್ಚು, ಇದು ಸಂಕಟದ ವಿಷಯ. 1987ರ ಕಾನೂನು ಸೇವೆಗಳ ಪ್ರಾಧಿಕಾರಗಳ ಕಾಯ್ದೆಯ 12ನೇ ಸೆಕ್ಷನ್ ಪ್ರಕಾರ ಬಂಧನದಲ್ಲಿರುವವರಿಗೆ ಆದಾಯದ ಮಿತಿಯಿಲ್ಲದೆ ಉಚಿತ ಕಾನೂನು ನೆರವು ಸಿಗುತ್ತದೆ. ಕಾನೂನು ನೆರವಿನ ಸಹಾಯವಾಣಿ 15100ಕ್ಕೆ ಕರೆ ಮಾಡಿ.

ತಡ ಮಾತ್ರ ಮಾಡಬೇಡಿ. ಮದುವೆಯ ದಿನ ಕಳೆದ ಮೇಲೆ ಅರ್ಜಿಗೆ ಅರ್ಥವಿರುವುದಿಲ್ಲ. ದಿನಾಂಕ ಹತ್ತಿರವಿದ್ದರೆ ಬೇಗ ವಿಚಾರಣೆಗೆ ತೆಗೆದುಕೊಳ್ಳುವಂತೆ ವಕೀಲರು ಮೆಮೊ (ಕೋರ್ಟಿಗೆ ಕೊಡುವ ಚಿಕ್ಕ ಮನವಿ) ಹಾಕಿ ಕೋರಲಿ. ಗೆದ್ದರೂ ಹಲವು ಸಲ ಸಿಗುವುದು ‘ಮತ್ತೊಮ್ಮೆ ಪರಿಗಣಿಸಿ’ ಎಂಬ ಆದೇಶ. ಅದರ ದೃಢೀಕೃತ ಪ್ರತಿಯನ್ನು ಹೊಸ ಮನವಿಯೊಂದಿಗೆ ನೀವೇ ಜೈಲಿಗೆ ಮುಟ್ಟಿಸಿ. ನೇರ ಬಿಡುಗಡೆಯ ಆದೇಶವಾದರೆ ಜಾಮೀನುದಾರರ ಕಾಗದಪತ್ರ ಸಿದ್ಧವಿರಲಿ. ಠಾಣೆಯಲ್ಲಿ ಸಹಿ ಹಾಕುವ ಷರತ್ತಿದ್ದರೆ ತಪ್ಪಿಸಬೇಡಿ, ಮರಳುವ ದಿನ ಹೇಳಿದ ಸಮಯಕ್ಕೆ ಮೊದಲೇ ಜೈಲಿನ ಗೇಟಿನಲ್ಲಿರಿ.