ಕಾಲ್ನಡಿಗೆಗೆ ಹತ್ತಿರದ ದಾರಿ ಹುಡುಕುವುದು ಹೇಗೆ?

ಬೆಂಗಳೂರಿನ ಯಾವುದಾದರೂ ಮೆಟ್ರೋ ನಿಲ್ದಾಣದ ಹೊರಗೆ ಸ್ವಲ್ಪ ಹೊತ್ತು ನಿಂತು ನೋಡಿ. ಕೈಯಲ್ಲಿ ಫೋನ್ ಹಿಡಿದು, ಸ್ಕೂಟರ್ ಹೋಗಬೇಕಾದ ದಾರಿಯಲ್ಲಿ ಸುತ್ತಿ ಬಳಸಿ ನಡೆಯುವವರು ಎಷ್ಟೋ ಜನ. ಒನ್‌ವೇ ಇರುವುದು ಗಾಡಿಗೆ, ಕಾಲಿಗಲ್ಲ. ಮೊದಲು ಮ್ಯಾಪಿನಲ್ಲಿ ನಡೆಯುವ ಮನುಷ್ಯನ ಚಿಹ್ನೆ ಒತ್ತಿ.

ಆಮೇಲೆ ದೂರವನ್ನು ನಿಮಿಷದಲ್ಲಿ ಲೆಕ್ಕ ಹಾಕಿ. ಸಾಧಾರಣ ನಡಿಗೆಯಲ್ಲಿ ನಿಮಿಷಕ್ಕೆ ಸುಮಾರು 80 ಮೀಟರ್ ಸಾಗುತ್ತೇವೆ. ಸಿಗ್ನಲ್‌ನಲ್ಲಿ ಒಂದೂವರೆ ನಿಮಿಷ ನಿಂತರೆ 120 ಮೀಟರ್ ನಡೆಯುವಷ್ಟು ಸಮಯ ಹೋಯಿತು. ದೊಡ್ಡ ಸಿಗ್ನಲ್ ಎರಡಿರುವ ದಾರಿಗಿಂತ, ಸಿಗ್ನಲ್ಲೇ ಇಲ್ಲದ, 150 ಮೀಟರ್ ಜಾಸ್ತಿ ಉದ್ದದ ದಾರಿಯೇ ವಾಸಿ.

ಎಲ್ಲರೂ ಎಡವುವುದು ತಿರುವಿನಲ್ಲಿ. ಮಲ್ಲೇಶ್ವರವನ್ನೇ ತೆಗೆದುಕೊಳ್ಳಿ. 1898ರ ಪ್ಲೇಗಿನ ನಂತರ ಬೆಳೆದ ಈ ಬಡಾವಣೆಯಲ್ಲಿ ಮೇನ್‌ಗಳು ಉದ್ದಕ್ಕೆ, ಕ್ರಾಸ್‌ಗಳು ಅಡ್ಡಕ್ಕೆ. ನೀವು ನಾಲ್ಕು ಕ್ರಾಸ್ ಮುಂದೆ, ಮೂರು ಮೇನ್ ಆಚೆ ಹೋಗಬೇಕು ಅಂದುಕೊಳ್ಳಿ. ನೇರ ಹೋಗಿ ಕೊನೆಗೆ ಒಂದೇ ಸಲ ತಿರುಗಿದರೂ, ಮೆಟ್ಟಿಲು ಮೆಟ್ಟಿಲಾಗಿ ತಿರುಗುತ್ತಾ ಹೋದರೂ ದೂರ ಹೆಚ್ಚುಕಮ್ಮಿ ಒಂದೇ. ಹಾಗಂತ ಯಾವುದಾದರೂ ಆದೀತು ಅನ್ನಬೇಡಿ. ನಾಲ್ಕೂ ಕ್ರಾಸ್ ಮೊದಲೇ ಮುಗಿಸಿಬಿಟ್ಟರೆ ಉಳಿಯುವುದು ಒಂದೇ ದಿಕ್ಕು. ಆಮೇಲೆ ಅಡ್ಡ ಬಂದ ಪ್ರತಿ ರಸ್ತೆಯಲ್ಲೂ ಗಾಡಿಗಳ ಸಾಲು ಮುಗಿಯುವ ತನಕ ಕಾಯಲೇಬೇಕು. ಮೆಟ್ಟಿಲಿನ ಹಾಗೆ ಹೋದರೆ ಪ್ರತಿ ಮೂಲೆಯಲ್ಲೂ ಎರಡು ಆಯ್ಕೆ. ಎದುರಿನ ರಸ್ತೆಯಲ್ಲಿ ಬಸ್ಸು, ಆಟೋ ಸಾಲುಗಟ್ಟಿವೆಯಾ? ಪಕ್ಕದ ರಸ್ತೆ ದಾಟಿ ಮುಂದೆ ಹೋಗಿ. ಗುರಿ ಹತ್ತಿರವಾಗುವ ತನಕ ಎರಡೂ ದಿಕ್ಕನ್ನು ಸ್ವಲ್ಪ ಸ್ವಲ್ಪ ಉಳಿಸಿಕೊಳ್ಳಿ. ಇಷ್ಟು ಮಾಡಿದರೆ ನಿಲ್ಲುವುದೇ ಕಮ್ಮಿ. ಹಬ್ಬದ ಹಿಂದಿನ ಸಂಜೆ ಮಾತ್ರ 8ನೇ ಕ್ರಾಸ್ ಹತ್ತಿರ ಸಂಪಿಗೆ ರಸ್ತೆಗೆ ಕಾಲಿಡಬೇಡಿ. ಹೂವು, ಬಾಳೆಕಂದು, ಮಾವಿನ ಸೊಪ್ಪಿನ ರಾಶಿಯ ನಡುವೆ ಹೆಜ್ಜೆ ಇಡಲೂ ಜಾಗ ಇರುವುದಿಲ್ಲ. ಒಂದು ಮೇನ್ ಆಚೆಯಿಂದ ಹೋಗಿ.

ಡಿವೈಡರ್ ಇರುವ ರಸ್ತೆಗೆ ಬೇರೆ ಲೆಕ್ಕ. ನಿಮ್ಮ ಅಂಗಡಿ ಯಾವ ಬದಿಗಿದೆ ಅಂತ ಮೊದಲೇ ನೋಡಿಕೊಳ್ಳಿ. ಸಲೀಸಾಗಿ ದಾಟಲು ಸಿಕ್ಕ ಮೊದಲ ಜಾಗದಲ್ಲೇ ಆ ಬದಿಗೆ ಹೋಗಿಬಿಡಿ. ಅಂಗಡಿಯ ಎದುರಿಗೆ ಬಂದ ಮೇಲೆ ದಾಟೋಣ ಅಂದುಕೊಂಡವರಿಗೆ ಅಲ್ಲಿ ಸಿಗುವುದು ಕಬ್ಬಿಣದ ಗ್ರಿಲ್. ಅದನ್ನು ಹಾರುವುದು ಶಾರ್ಟ್‌ಕಟ್ ಅಲ್ಲ, ದಯವಿಟ್ಟು ಬೇಡ.

ನಿಜವಾದ ಉಳಿತಾಯ ಇರುವುದು ಓರೆಯಾಗಿ ಹೋಗುವ ದಾರಿಯಲ್ಲಿ. 400 ಮೀಟರ್ ನೇರ, 300 ಮೀಟರ್ ಅಡ್ಡ ಅಂದರೆ 700. ಮಧ್ಯೆ ಮೈದಾನವೋ ಪಾರ್ಕೋ ಇದ್ದು ಓರೆಯಾಗಿ ಸೀಳಿಕೊಂಡು ಹೋದರೆ 500. ಹಡ್ಸನ್ ವೃತ್ತದಿಂದ ಎಂ.ಜಿ. ರಸ್ತೆಗೆ ಹೋಗುವವರು ಕಬ್ಬನ್ ಪಾರ್ಕ್ ಒಳಗೆ, ಕೇಂದ್ರ ಗ್ರಂಥಾಲಯದ ಕೆಂಪು ಕಟ್ಟಡ ದಾಟಿ ಹೋಗಬೇಕು. ಹೊಗೆಯಿಲ್ಲ, ಹಾರ್ನ್ ಇಲ್ಲ. ಲಾಲ್‌ಬಾಗ್ ನಂಬಿಕೊಳ್ಳಬೇಡಿ, ಅಲ್ಲಿ ಟಿಕೆಟ್ ಇದೆ. ಬ್ರಿಗೇಡ್ ರಸ್ತೆಯಿಂದ ಸೇಂಟ್ ಮಾರ್ಕ್ಸ್ ರಸ್ತೆಗಾದರೆ ಚರ್ಚ್ ಸ್ಟ್ರೀಟೇ ಸರಿ.

ಹಳೆ ಬಡಾವಣೆಗಳಲ್ಲಿ ಮನೆಗಳ ಹಿಂದೆ ಕನ್ಸರ್ವೆನ್ಸಿ ಗಲ್ಲಿಗಳಿವೆ, ಅಂದರೆ ಹಿಂದೆ ಕಸ, ಮಲ ಸಾಗಿಸಲು ಬಿಟ್ಟಿದ್ದ ಕಿರಿದಾದ ಓಣಿಗಳು. ಎಷ್ಟೋ ಗಲ್ಲಿಗಳು ಮ್ಯಾಪಿನಲ್ಲಿ ಕಾಣುವುದೇ ಇಲ್ಲ. ಓಪನ್‌ಸ್ಟ್ರೀಟ್‌ಮ್ಯಾಪ್ (ಜನರೇ ಸೇರಿ ಮಾಡಿದ ಉಚಿತ ಮ್ಯಾಪ್) ಆಧಾರದ ಆ್ಯಪ್‌ಗಳಲ್ಲಿ ಕೆಲವು ಗಲ್ಲಿ ಸಿಗುತ್ತವೆ. ಮ್ಯಾಪ್ ಮೊದಲೇ ಇಳಿಸಿಕೊಂಡರೆ ಇಂಥ ಎಷ್ಟೋ ಆ್ಯಪ್ ನೆಟ್ ಇಲ್ಲದಿದ್ದರೂ ನಡೆಯುತ್ತವೆ. ಚರಂಡಿ ಮುಚ್ಚಿದ ಚಪ್ಪಡಿ ಕಲ್ಲಿನ ಮೇಲೆ ಹೋಗುವಾಗ ಅಂಚಿಗೆ ಕಾಲಿಡಬೇಡಿ. ಸಡಿಲವಾಗಿದ್ದರೆ ಆ ಕಡೆ ಕುಸಿದು ಈ ಕಡೆ ಏಳುತ್ತದೆ. ಮಳೆಗಾಲದಲ್ಲಿ ಅಡಿ ಸವೆದ ರಬ್ಬರ್ ಚಪ್ಪಲಿ ಮನೆಯಲ್ಲೇ ಇರಲಿ. ಬೆಳಕಿಲ್ಲದ ಗಲ್ಲಿ ರಾತ್ರಿ ಬೇಡವೇ ಬೇಡ.

ಹೊಸ ಗಲ್ಲಿಯನ್ನು ಆಫೀಸಿಗೆ ತಡವಾದ ದಿನ ಪರೀಕ್ಷೆ ಮಾಡಬೇಡಿ. ಭಾನುವಾರ ಬೆಳಿಗ್ಗೆ ಒಮ್ಮೆ ಆ ತುದಿಯ ತನಕ ನಡೆದು, ಅಲ್ಲಿ ಗೇಟಿಗೆ ಬೀಗ ಇದೆಯಾ ನೋಡಿ ಬನ್ನಿ.